ನಂಗು ಮೀನಿನ ಕಣ್ಣು

ಹಿಂದಿನ ಲೇಖನದಲ್ಲಿ ಕೃಷ್ಣರಾಜಪೇಟೆಯ ಸಂತೆಯನ್ನು ಕುರಿತು ಬರೆದಿದ್ದೆನಷ್ಟೆ. ಬೆಲ್ಲದ ಅಚ್ಚು, ತೆಂಗಿನಕಾಯಿಯ ರಾಶಿ, ಹುರುಳಿ, ಅವರೆ, ಹಗ್ಗ, ಮಡಕೆ, ಕಂಬಳಿ, ಎತ್ತಿನ ಕೊರಳಗಂಟೆ ಎಂದು ನೆನಪಿಗೆ ಬಂದುದನ್ನೆಲ್ಲ ಬಣ್ಣಿಸಿದ್ದೆ. ಅದನ್ನು ಓದಿದ ಹಳೆಯ ವಿದ್ಯಾರ್ಥಿನಿಯೊಬ್ಬಳು ದೂರವಾಣಿಯಲ್ಲಿ ಮಾತನಾಡುತ್ತಾ, "ಎಲ್ಲ ಬರೆದಿದ್ದೀರಿ ಮೇಷ್ಟ್ರೇ, ಒಣಮೀನಿನ ಸಾಲನ್ನು ಮಾತ್ರ ಬಿಟ್ಟುಬಿಟ್ಟಿದ್ದೀರಿ. ನಮ್ಮವ್ವ ಸಂತೆಗೆ ಹೋಗುತ್ತಿದ್ದುದೇ ಅದಕ್ಕಾಗಿ" ಎಂದಳು. ಆಕ್ಷೇಪಣೆಯ ಧ್ವನಿಯೇನೂ ಇರಲಿಲ್ಲ, ನಗುತ್ತಲೇ ಹೇಳಿದಳು. ಆದರೆ ಫೋನ್ ಇಟ್ಟ ಮೇಲೆ ನನಗೆ ಬಹಳ ಹೊತ್ತು ಇರಸುಮುರಸಾಯಿತು. ಏಕೆಂದರೆ ಆ ಸಾಲು ನನಗೆ ಮರೆತುಹೋಗಿರಲಿಲ್ಲ. ಸಸ್ಯಾಹಾರಿಗಳ ಮನೆಯಲ್ಲಿ ಹುಟ್ಟಿದ ನಾನು ಅಲ್ಲಿಗೆ ಬಂದಾಗಲೆಲ್ಲ ಮೂಗಿಗೆ ಉತ್ತರೀಯದ ಚುಂಗನ್ನು ಹಿಡಿದು ಬೇಗ ಬೇಗ ದಾಟುತ್ತಿದ್ದೆ. ಬರೆಯುವಾಗಲೂ ಹಾಗೆಯೇ ದಾಟಿದ್ದೆ.

ಆ ಸಾಲಿನಿಂದ ಬಂದ ಒಂದು ಮೀನಿಗೂ ನನಗೂ ಒಂದು ಹಳೆಯ ಲೆಕ್ಕವಿದೆ. ಅದನ್ನು ಈಗ ಒಪ್ಪಿಸುತ್ತೇನೆ.

1977ನೆಯ ಇಸವಿ. ಆಗ ನಾನು ತಾಲ್ಲೂಕಿನ ಒಂದು ಪ್ರೌಢಶಾಲೆಯಲ್ಲಿ ವಿಜ್ಞಾನದ ಉಪಾಧ್ಯಾಯ. ಒಂಬತ್ತನೆಯ ತರಗತಿಗೆ ಜಲಚರಗಳ ದೇಹರಚನೆಯ ಪಾಠ. ಕಪ್ಪುಹಲಗೆಯ ಮೇಲೆ ಕದಿರಿನ ಆಕಾರದ ಮೀನೊಂದನ್ನು ಬರೆದು, ರೆಕ್ಕೆಗಳನ್ನು ಗುರುತಿಸಿ, "ಮೀನಿನ ತಲೆಯ ಇಕ್ಕೆಲಗಳಲ್ಲಿ ಒಂದೊಂದು ಕಣ್ಣಿರುತ್ತದೆ" ಎಂದು ಟಿಪ್ಪಣಿ ಬರೆಸಿದೆ. ಮರುದಿನ ಹಿಂದಿನ ಬೆಂಚಿನ ಒಬ್ಬ ಹುಡುಗ ಹಳೆಯ ವೃತ್ತಪತ್ರಿಕೆಯ ಪೊಟ್ಟಣವೊಂದನ್ನು ತಂದು ನನ್ನ ಮೇಜಿನ ಮೇಲೆ ಬಿಚ್ಚಿಟ್ಟ. ಒಳಗೆ ಒಂದು ಒಣಮೀನು. ಅಂಗೈಗಿಂತ ಸ್ವಲ್ಪ ಉದ್ದ, ಎಲೆಯಂತೆ ಚಪ್ಪಟೆ. "ಸಾರ್, ಇದರ ಎರಡು ಕಣ್ಣೂ ಒಂದೇ ಕಡೆ ಇವೆ" ಎಂದ.

ತರಗತಿ ಗೊಳ್ಳೆಂದು ನಕ್ಕಿತು. ಮೇಜಿನ ಮೇಲೆ ನನ್ನ ಪುಸ್ತಕಗಳಿದ್ದವು, ಊಟದ ಡಬ್ಬಿಯಿತ್ತು. ವಾಸನೆ ಮೂಗಿಗೆ ಬಡಿದೊಡನೆ ನನ್ನ ತಾಳ್ಮೆ ಹಾರಿಹೋಯಿತು. ನಾನು ಆ ಮೀನನ್ನು ಸರಿಯಾಗಿ ನೋಡಲೂ ಇಲ್ಲ. "ಉಪ್ಪು ಹಾಕಿ, ಮೇಲೆ ಭಾರ ಹೇರಿ ಒಣಗಿಸುತ್ತಾರೆ. ತಲೆ ತಿರುಚಿಕೊಂಡು ಕಣ್ಣು ಈ ಕಡೆಗೆ ಬಂದಿದೆ, ಅಷ್ಟೇ" ಎಂದೆ. ಹುಡುಗ ಮೀನನ್ನು ಮಗುಚಿ ಇನ್ನೊಂದು ಮಗ್ಗುಲನ್ನು ತೋರಿಸಿದ. "ಹಾಗಾದರೆ ಈ ಕಡೆ ಕಣ್ಣಿನ ಗುಳಿಯಾದರೂ ಇರಬೇಕಲ್ಲವೇ ಸಾರ್?"

ಇದಕ್ಕಿಂತ ಉತ್ತಮವಾದ ಪ್ರಶ್ನೆಯನ್ನು ಮೂವತ್ತಕ್ಕೂ ಹೆಚ್ಚು ವರ್ಷಗಳ ನನ್ನ ಸೇವೆಯಲ್ಲಿ ಯಾವ ವಿದ್ಯಾರ್ಥಿಯೂ ಕೇಳಲಿಲ್ಲವೆಂದು ಇಂದು ಪ್ರಮಾಣ ಮಾಡಿ ಹೇಳಬಲ್ಲೆ. ಗುರುಗಳು ಒಂದು ಊಹೆಯನ್ನು ಮುಂದಿಟ್ಟರು. ಆ ಊಹೆ ನಿಜವಾದರೆ ಇಂಥ ಗುರುತು ಇರಲೇಬೇಕು, ಆ ಗುರುತು ಇಲ್ಲ, ಆದ್ದರಿಂದ ಊಹೆ ತಪ್ಪು. ವಿಜ್ಞಾನವೆಂದರೆ ಇದೇ, ಮಿಕ್ಕದ್ದೆಲ್ಲ ಟಿಪ್ಪಣಿ. ಆದರೆ ಅಂದು ನಾನು ಮಾಡಿದ್ದೇನು? "ಅಧಿಕಪ್ರಸಂಗ ಸಾಕು. ಇದನ್ನು ಹೊರಗೆ ಎಸೆದು, ನಲ್ಲಿಯಲ್ಲಿ ಕೈ ತೊಳೆದುಕೊಂಡು, ಗಂಟೆ ಹೊಡೆಯುವವರೆಗೂ ಬಾಗಿಲ ಬಳಿ ನಿಂತಿರು" ಎಂದೆ. ಅವನು ಮರುಮಾತಿಲ್ಲದೆ ಹೋದ. ಮೀನು ಶಾಲೆಯ ಬೇಲಿಯಾಚೆಗೆ ಬಿತ್ತು. ಆಮೇಲೆ ಎರಡು ವರ್ಷ ಅವನು ನನ್ನ ತರಗತಿಯಲ್ಲಿಯೇ ಇದ್ದ. ಒಂದೇ ಒಂದು ಪ್ರಶ್ನೆಯನ್ನೂ ಕೇಳಲಿಲ್ಲ. ಆಗ ಅದನ್ನು ನಾನು ಶಿಸ್ತು ಎಂದುಕೊಂಡಿದ್ದೆ.

ನನ್ನ ಕಣ್ಣು ತೆರೆದದ್ದು 2004ರಲ್ಲಿ. ನಿವೃತ್ತಿಯ ನಂತರ ಉಡುಪಿಯಲ್ಲಿದ್ದ ಮಗಳ ಮನೆಗೆ ಹೋದಾಗ ಅಳಿಯಂದಿರೊಡನೆ ಮಲ್ಪೆಯ ಬಂದರನ್ನು ನೋಡಲು ಹೋಗಿದ್ದೆ. ಸೆಪ್ಟೆಂಬರ್ ಕೊನೆ, ಮಳೆ ಹಿಂದೆಗೆದಿತ್ತು. ಬುಟ್ಟಿಯ ಮುಂದೆ ಕುಳಿತ ಹೆಂಗಸೊಬ್ಬಳು ಚಪ್ಪಟೆಯ ಪುಟ್ಟ ಮೀನುಗಳ ಚರ್ಮವನ್ನು ತಲೆಯ ಕಡೆಯಿಂದ ಹಿಡಿದು ಸರ್ರನೆ ಸುಲಿಯುತ್ತಿದ್ದಳು. ಒಂದು ಮಗ್ಗುಲು ಕಂದು, ಇನ್ನೊಂದು ಮಗ್ಗುಲು ಬೆಳ್ಳಗೆ. ಕಂದು ಮಗ್ಗುಲಿನಲ್ಲಿ ಸಾಸಿವೆಯಂತಹ ಎರಡು ಕಣ್ಣುಗಳು ಒತ್ತೊತ್ತಾಗಿದ್ದವು. ನಾನು ಬಗ್ಗಿ, ಬಿಳಿಯ ಮಗ್ಗುಲನ್ನು ತೋರಿಸಬೇಕೆಂದು ಕೇಳಿದೆ. ಗುಳಿ ಇರಲಿಲ್ಲ. ಗುಳಿಯ ಕುರುಹೂ ಇರಲಿಲ್ಲ. ನನ್ನ ಮುಖದಲ್ಲಿ ಏನನ್ನು ಕಂಡಳೋ, "ಅದು ಹಾಗೆಯೇ ಮಾರಾಯ್ರೇ, ನಂಗಿಗೆ ಎರಡು ಕಣ್ಣೂ ಒಂದೇ ಬದಿ" ಎಂದಳು. ಅಕ್ಷರ ಬಾರದ ಆ ಹೆಂಗಸಿಗೆ ಗೊತ್ತಿದ್ದ ಸಂಗತಿ ವಿಜ್ಞಾನದ ಪದವೀಧರನಾದ ನನಗೆ ಗೊತ್ತಿರಲಿಲ್ಲ. ಗೊತ್ತಿಲ್ಲದಿದ್ದುದು ದೊಡ್ಡ ಅಪರಾಧವಲ್ಲ. ಗೊತ್ತಿಲ್ಲವೆಂದು ಹೇಳಲು ಬಾಯಿ ಬರದಿದ್ದುದು ಅಪರಾಧ.

ನಂಗು ಎಂಬುದು ನಮ್ಮ ಕರಾವಳಿಯವರು ಕರೆಯುವ ಹೆಸರು. ಕೇರಳದವರು ಮಾಂದಳ್ ಎನ್ನುತ್ತಾರೆ. ಮಲಬಾರ್ ಸೋಲ್ ಎಂದು ಇಂಗ್ಲಿಷಿನವರು ಕರೆದರು. ಶಾಸ್ತ್ರದ ಹೆಸರು ಸೈನೋಗ್ಲೋಸಸ್ ಮ್ಯಾಕ್ರೋಸ್ಟೋಮಸ್. ಮೊದಲ ಪದಕ್ಕೆ ಗ್ರೀಕ್ ಭಾಷೆಯಲ್ಲಿ ನಾಯಿಯ ನಾಲಗೆ ಎಂದು ಅರ್ಥ. ಆ ಆಕಾರಕ್ಕೆ ಅದು ಒಪ್ಪುವ ಹೆಸರೇ. ನಮ್ಮ ಪಶ್ಚಿಮ ಕರಾವಳಿಯ ಕೆಸರು ತಳವೇ ಅದರ ಮನೆ. ಬೆಳೆದರೂ ಒಂದು ಗೇಣಿಗೆ ಕಡಿಮೆ. ಬಲಮಗ್ಗುಲನ್ನು ಕೆಳಗೆ ಮಾಡಿ, ಎಡಮಗ್ಗುಲನ್ನು ಮೇಲೆ ಮಾಡಿ, ಮೈಮೇಲೆ ತುಸು ಕೆಸರು ಎಳೆದುಕೊಂಡು ಮಲಗಿರುತ್ತದೆ. ಕೆಸರಿನೊಳಗಿನ ಹುಳುಗಳೂ ಸಣ್ಣ ಚಿಪ್ಪಿನ ಜೀವಿಗಳೂ ಅದರ ಆಹಾರ. ಮೇಲೆ ಕಾಣುವ ಮಗ್ಗುಲಿಗೆ ಮಣ್ಣಿನ ಬಣ್ಣ, ಯಾರಿಗೂ ಕಾಣದ ಮಗ್ಗುಲಿಗೆ ಬಣ್ಣವಿಲ್ಲ. ಎದೆಯ ರೆಕ್ಕೆಗಳಿಲ್ಲ. ಬೆನ್ನಿನ ರೆಕ್ಕೆಯೂ ಹೊಟ್ಟೆಯ ಕಡೆಯ ರೆಕ್ಕೆಯೂ ಬಾಲದವರೆಗೆ ಬೆಳೆದು ಒಂದಾಗಿ ಸೀರೆಯ ಅಂಚಿನಂತೆ ಮೈಸುತ್ತ ಹಬ್ಬಿವೆ.

ಸೋಜಿಗವಿರುವುದು ಇದರ ಶೈಶವದಲ್ಲಿ. ಮೊಟ್ಟೆಯೊಡೆದು ಬಂದ ಮರಿ ನಾನು ಹಲಗೆಯ ಮೇಲೆ ಬರೆದ ಮೀನಿನಂತೆಯೇ ಇರುತ್ತದೆ. ನೆಟ್ಟಗೆ ಈಜುತ್ತದೆ, ಇಕ್ಕೆಲಗಳಲ್ಲಿ ಒಂದೊಂದು ಕಣ್ಣು. ಕೆಲವು ವಾರಗಳು ಕಳೆಯುತ್ತಲೇ ತಲೆಯ ಎಲುಬುಗಳು ತಿರುಚಿಕೊಳ್ಳತೊಡಗುತ್ತವೆ. ಬಲಗಣ್ಣು ನಡುನೆತ್ತಿಯನ್ನು ದಾಟಿ ಎಡಮಗ್ಗುಲಿಗೆ ವಲಸೆ ಬರುತ್ತದೆ. ಮೀನು ಒಂದು ಮಗ್ಗುಲಿಗೆ ವಾಲಿ ತಳಕ್ಕಿಳಿದು ಅಲ್ಲಿಯೇ ಉಳಿಯುತ್ತದೆ. ಈ ಮಾರ್ಪಾಡಿಗೆ ಅಪ್ಪಣೆ ಕೊಡುವುದು ಥೈರಾಯ್ಡ್ ಗ್ರಂಥಿಯ ಸ್ರಾವ. ನಮ್ಮ ಕೆರೆಗಳ ಗೊದಮೊಟ್ಟೆ ಬಾಲವನ್ನು ಕಳೆದುಕೊಂಡು ಕಪ್ಪೆಯಾಗುವುದೂ ಅದರಿಂದಲೇ. ಗೊದಮೊಟ್ಟೆಯನ್ನು ನಾನು ಪ್ರತಿ ವರ್ಷವೂ ಗಾಜಿನ ಸೀಸೆಯಲ್ಲಿ ಇಟ್ಟು ತೋರಿಸುತ್ತಿದ್ದೆನೆಂದು ನಿಮಗೆಲ್ಲ ನೆನಪಿರಬಹುದು. ಆ ಸೀಸೆಯ ಪಕ್ಕದಲ್ಲಿ ಆ ಒಣಮೀನನ್ನು ಇಟ್ಟಿದ್ದರೆ ಎಂಥ ಪಾಠವಾಗುತ್ತಿತ್ತು!

ಉಡುಪಿಯಿಂದ ಹಿಂದಿರುಗಿದ ಮೇಲೆ ಈ ಮೀನಿನ ಬೆನ್ನು ಹತ್ತಿದೆ. ಆಗ ತಿಳಿದದ್ದು, ಈ ಕಣ್ಣಿನ ವಿಷಯ ಚಾರ್ಲ್ಸ್ ಡಾರ್ವಿನ್ನನನ್ನೂ ಕಾಡಿತ್ತೆಂಬುದು. 1859ರಲ್ಲಿ ಅವನ ಮಹಾಗ್ರಂಥ ಪ್ರಕಟವಾದ ಮೇಲೆ ಸೇಂಟ್ ಜಾರ್ಜ್ ಮೈವಾರ್ಟ್ ಎಂಬ ಪ್ರಾಣಿಶಾಸ್ತ್ರಜ್ಞ 1871ರಲ್ಲಿ ಒಂದು ಪುಸ್ತಕ ಬರೆದು ಹಲವು ಆಕ್ಷೇಪಗಳನ್ನೆತ್ತಿದ. ಅವುಗಳಲ್ಲಿ ಚಪ್ಪಟೆ ಮೀನಿನ ಕಣ್ಣೂ ಒಂದು. ಪ್ರಕೃತಿಯ ಆಯ್ಕೆಯಿಂದ ಸ್ವಲ್ಪ ಸ್ವಲ್ಪವಾಗಿ ಬದಲಾವಣೆಯಾಗುವುದು ನಿಜವಾದರೆ, ಕಣ್ಣು ಮೊದಲು ಕೂದಲೆಳೆಯಷ್ಟು ಸರಿದಾಗ ಆ ಮೀನಿಗೆ ಏನು ಲಾಭವಾಯಿತು? ಕೆಸರಿನ ಕಡೆಗೇ ನೋಡುವ ಕಣ್ಣು ಅರ್ಧ ಸರಿದರೇನು, ಬಿಟ್ಟರೇನು? ಇದು ಅವನ ವಾದ.

ಡಾರ್ವಿನ್ ಆಗ ಲೋಕವಿಖ್ಯಾತ. ಮೈವಾರ್ಟನನ್ನು ಬಾಗಿಲ ಬಳಿ ನಿಲ್ಲಿಸಬಹುದಾಗಿತ್ತು. ಹಾಗೆ ಮಾಡದೆ, 1872ರ ಆರನೆಯ ಆವೃತ್ತಿಯಲ್ಲಿ ಆಕ್ಷೇಪಗಳಿಗೆಂದೇ ಒಂದು ಹೊಸ ಅಧ್ಯಾಯವನ್ನು ಸೇರಿಸಿ, ಚಪ್ಪಟೆ ಮೀನಿನ ಪ್ರಶ್ನೆಯನ್ನು ವಿವರವಾಗಿ ಚರ್ಚಿಸಿದ. ಮಾಲ್ಮ್ ಎಂಬ ಸ್ವೀಡನ್ನಿನ ಶೋಧಕ, ಎಳೆಯ ಮೀನುಗಳು ಮಗ್ಗುಲಾಗಿ ಮಲಗಿ ಕೆಳಗಣ್ಣಿನಿಂದ ಮೇಲಕ್ಕೆ ನೋಡಲು ಹೆಣಗುವುದನ್ನು ಗಮನಿಸಿದ್ದ. ಡಾರ್ವಿನ್ ಅದನ್ನು ಆಧಾರವಾಗಿ ಹಿಡಿದು, ಇಂಥ ಪ್ರಯತ್ನದ ಫಲ ತಲೆಮಾರಿನಿಂದ ತಲೆಮಾರಿಗೆ ಇಳಿದಿರಬಹುದೆಂದು ಉತ್ತರಿಸಿದ. ಆ ಉತ್ತರ ನಿಲ್ಲಲಿಲ್ಲ. ದುಡಿದು ಗಳಿಸಿದ ಅಂಗವಿಕಾರ ಮಕ್ಕಳಿಗೆ ಬಳುವಳಿಯಾಗಿ ಹೋಗುವುದಿಲ್ಲವೆಂದು ಆಮೇಲಿನ ವಿಜ್ಞಾನ ತೋರಿಸಿತು. ಉತ್ತರ ಸೋತಿತು, ಪ್ರಶ್ನೆಯನ್ನು ಗೌರವಿಸಿದ ರೀತಿ ಮಾತ್ರ ಉಳಿಯಿತು.

ಪ್ರಶ್ನೆಗೆ ಸರಿಯಾದ ಉತ್ತರ ದೊರೆತದ್ದು 2008ರಲ್ಲಿ. ಮ್ಯಾಟ್ ಫ್ರೀಡ್ಮನ್ ಎಂಬ ತರುಣ ಸಂಶೋಧಕ ಯೂರೋಪಿನ ವಸ್ತುಸಂಗ್ರಹಾಲಯಗಳಲ್ಲಿ ಬಹುಕಾಲದಿಂದ ಇದ್ದ ಪಳೆಯುಳಿಕೆಗಳನ್ನು ಮತ್ತೆ ಪರೀಕ್ಷಿಸಿದ. ಅವು ಸುಮಾರು 5 ಕೋಟಿ ವರ್ಷಗಳ ಹಿಂದಿನವು. ಇಟಲಿಯ ಬೋಲ್ಕಾ ಎಂಬಲ್ಲಿನ ಕಲ್ಲುಗಳಲ್ಲಿ ಸಿಕ್ಕಿದ್ದ ಮೀನುಗಳೂ ಅವುಗಳಲ್ಲಿದ್ದವು. ಅವುಗಳ ಒಂದು ಕಣ್ಣು ಮೇಲಕ್ಕೆ ಸರಿದಿತ್ತು, ಆದರೆ ನೆತ್ತಿಯನ್ನು ದಾಟಿರಲಿಲ್ಲ. ಮೈವಾರ್ಟ್ ಇರಲಾರದೆಂದಿದ್ದ ಅರ್ಧದಾರಿಯ ಮೀನು ಅದೇ. ಕಪಾಟಿನಲ್ಲಿ ಕುಳಿತು ಕಾಯುತ್ತಿತ್ತು, ಯಾರೂ ಮಗುಚಿ ನೋಡಿರಲಿಲ್ಲ.

ಅಷ್ಟು ದೂರ ಹೋಗುವುದೂ ಬೇಡ. ನಮ್ಮ ಭಾರತದ ಕಡಲುಗಳಲ್ಲಿಯೇ ಸೆಟೋಡಿಸ್ ಎರುಮೈ ಎಂಬ ದೊಡ್ಡ ಚಪ್ಪಟೆ ಮೀನು ಈಗಲೂ ಬದುಕಿದೆ. ಅದರ ಮೇಲುಗಣ್ಣು ನೆತ್ತಿಯ ಅಂಚಿನಲ್ಲಿಯೇ ನಿಂತಿದೆ, ಪೂರ್ತಿ ಈ ಕಡೆಗೆ ಬಂದಿಲ್ಲ. ಕೆಲವೊಮ್ಮೆ ಅದು ಉಳಿದ ಮೀನುಗಳಂತೆ ನೆಟ್ಟಗೆ ಈಜುವುದೂ ಉಂಟು. 1801ರಲ್ಲಿ ಅದಕ್ಕೆ ಹೆಸರಿಟ್ಟವರು ತರಂಗಂಬಾಡಿಯ ತಮಿಳು ಬೆಸ್ತರ ಮಾತನ್ನೇ ಎತ್ತಿಕೊಂಡರು. ಎರುಮೈ ನಾಕ್ಕು, ಎಂದರೆ ಎಮ್ಮೆಯ ನಾಲಗೆ. ತಮಿಳಿನ ಎರುಮೈ ನಮ್ಮಲ್ಲಿ ಎಮ್ಮೆಯಾಗಿದೆ. ಲ್ಯಾಟಿನ್ ಹೆಸರುಗಳಿಗೆ ಹೆದರುತ್ತಿದ್ದ ನಿಮಗೆ ಇದನ್ನು ಅಂದು ಹೇಳಿದ್ದರೆ ಧೈರ್ಯ ಬರುತ್ತಿತ್ತೇನೋ.

ಇನ್ನೊಂದು ಸಂಗತಿ ನನಗೆ ಹೆಚ್ಚು ಹತ್ತಿರದ್ದು. ನಂಗು ಮೀನಿನ ಬಾಳನ್ನು ಮೊದಲು ಕೂಲಂಕಷವಾಗಿ ಅಭ್ಯಾಸ ಮಾಡಿದವರು ಜಿ. ಶೇಷಪ್ಪ ಮತ್ತು ಬಿ. ಎಸ್. ಭೀಮಾಚಾರ್. ಭೀಮಾಚಾರ್ ಅವರು ಮೈಸೂರು ವಿಶ್ವವಿದ್ಯಾನಿಲಯದಲ್ಲಿದ್ದವರು. ಸುಬ್ಬರಾಯರೊಡನೆ ಸೇರಿ 1941ರಲ್ಲಿ ಕಡೂರು ಜಿಲ್ಲೆಯ, ಎಂದರೆ ನಮ್ಮ ಹೇಮಾವತಿ ಹುಟ್ಟುವ ಮಲೆನಾಡಿನ, ಹೊಳೆಮೀನುಗಳ ಪಟ್ಟಿಯನ್ನು ಪ್ರಕಟಿಸಿದ್ದರು. 1947ರಲ್ಲಿ ಕೇಂದ್ರ ಸಮುದ್ರ ಮೀನುಗಾರಿಕಾ ಸಂಶೋಧನಾ ಸಂಸ್ಥೆ ಆರಂಭವಾದ ಮೇಲೆ ಅದರ ಕಲ್ಲಿಕೋಟೆಯ ಕೇಂದ್ರದಲ್ಲಿ ಕೆಲಸ ಮಾಡಿದರು. ಈ ಇಬ್ಬರ ದೀರ್ಘ ಪ್ರಬಂಧ 1955ರಲ್ಲಿ ಹೊರಬಂತು. ಅದರಲ್ಲಿ ಮೀನಿಗೆ ಬೇರೊಂದು ಶಾಸ್ತ್ರೀಯ ಹೆಸರಿದೆ. ನಾರ್ಮನ್ 1928ರಲ್ಲಿ ಕೊಟ್ಟಿದ್ದ ಹೆಸರೇ ಸರಿಯೆಂದು ಆಮೇಲೆ ತೀರ್ಮಾನವಾಯಿತು.

ಮೀನಿನ ವಯಸ್ಸನ್ನು ತಿಳಿಯಲು ಅವರು ಅದರ ಹುರುಪೆಗಳನ್ನು ಸೂಕ್ಷ್ಮದರ್ಶಕದ ಕೆಳಗಿಟ್ಟು ನೋಡಿದರು. ಮರದ ಕಾಂಡದಲ್ಲಿ ವರ್ಷಕ್ಕೊಂದು ಬಳೆಯಿರುವಂತೆ ಹುರುಪೆಯಲ್ಲೂ ಬಳೆಗಳು ಮೂಡುತ್ತವೆ. ಚಳಿದೇಶಗಳಲ್ಲಿ ಚಳಿಗಾಲದಲ್ಲಿ ಬೆಳವಣಿಗೆ ನಿಲ್ಲುವುದರಿಂದ ಬಳೆ ಮೂಡುತ್ತದೆ. ನಮ್ಮ ಕಡಲಿನಲ್ಲಿ ಅಂಥ ಚಳಿಯಿಲ್ಲವಲ್ಲ, ಬಳೆ ಹೇಗೆ ಬಂತು? ಮುಂಗಾರಿನಿಂದ, ಎಂದು ಅವರು ಕಂಡುಕೊಂಡರು. ಮುಂಗಾರಿನ ಅಬ್ಬರದಲ್ಲಿ ದಡದ ಸಮೀಪದ ಕಡಲತಳ ಕಲಕಿಹೋಗಿ ಅಲ್ಲಿಯ ಹುಳುಹುಪ್ಪಟೆಗಳು ಬಹುಮಟ್ಟಿಗೆ ಇಲ್ಲವಾಗುತ್ತವೆ. ಇದನ್ನು ಶೇಷಪ್ಪನವರು 1953ರಲ್ಲಿಯೇ ತೋರಿಸಿದ್ದರು. ನಂಗು ಹೆಚ್ಚು ಆಳದ ನೀರಿಗೆ ಸರಿಯುತ್ತದೆ, ಉಪವಾಸ ಬೀಳುತ್ತದೆ, ಬೆಳವಣಿಗೆ ನಿಲ್ಲುತ್ತದೆ. ಮಳೆ ಹಿಂದೆಗೆದಾಗ ಹಿಂಡುಹಿಂಡಾಗಿ ದಡದತ್ತ ಬರುತ್ತದೆ. ಹುರುಪೆಯ ಮೇಲಿನ ಆ ಗೆರೆ ಹಸಿವಿನ ಗೆರೆ.

ನಾವು ಅದೇ ಮುಂಗಾರನ್ನು ಕಾಯುವವರು. ಸಹ್ಯಾದ್ರಿಯ ಮೇಲೆ ಸುರಿದ ಮಳೆ ಹೇಮಾವತಿಯಲ್ಲಿ ಹರಿದು ಗೊರೂರನ್ನು ತುಂಬಿ, ಹೇಮಗಿರಿಯ ಕಟ್ಟೆಯನ್ನು ದುಮುಕಿ, ಅಂಬಿಗರಹಳ್ಳಿಯ ಸಂಗಮದಲ್ಲಿ ಕಾವೇರಿಯನ್ನು ಸೇರಿದರೆ ನಮ್ಮ ಗದ್ದೆಗೆ ನೀರು, ಮನೆಗೆ ಅನ್ನ. ಘಟ್ಟದ ಈ ಕಡೆ ಹೊಟ್ಟೆ ತುಂಬಿಸುವ ಮಳೆ ಆ ಕಡೆಯ ಕಡಲತಳದಲ್ಲಿ ಉಪವಾಸ ಹಾಕುತ್ತದೆ. ಆ ಉಪವಾಸ ಮುಗಿದ ಮೇಲೆ ಹಿಡಿದು, ಉಪ್ಪು ಬೆರೆಸಿ, ಮರಳಿನಲ್ಲಿ ಒಣಗಿಸಿದ ಮೀನು ಘಟ್ಟ ಹತ್ತಿ ನಮ್ಮ ಸಂತೆಗೆ ಬರುತ್ತಿತ್ತು. ನಮ್ಮೂರಿನ ಬಡವರ ರಾಗಿಮುದ್ದೆಗೆ ಆ ಕಡಲಿನ ಸಾರವೂ ಸೇರುತ್ತಿತ್ತು. ಇಷ್ಟೆಲ್ಲ ಒಂದು ವೃತ್ತಪತ್ರಿಕೆಯ ಪೊಟ್ಟಣದಲ್ಲಿತ್ತು. ನಾನು ಬೇಲಿಯಾಚೆಗೆ ಎಸೆಯಿಸಿದೆ.

ಈಗ ನನ್ನ ಅಭಿಪ್ರಾಯವನ್ನು ಹೇಳಿಬಿಡುತ್ತೇನೆ. ಬಂಧುಗಳಲ್ಲಿ ಕೆಲವರಿಗೆ ಇದು ರುಚಿಸಲಾರದು.

ನಮ್ಮ ಶಾಲೆಗಳಲ್ಲಿ ಮಕ್ಕಳು ಪ್ರಶ್ನೆ ಕೇಳುವುದಿಲ್ಲವೆಂದು ಎಲ್ಲರೂ ಗೊಣಗುತ್ತೇವೆ. ಕೇಳುವುದಿಲ್ಲ ನಿಜ. ಆದರೆ ಮಗು ಪ್ರಶ್ನೆಯನ್ನು ಎಲ್ಲಿಂದ ತರುತ್ತದೆ? ತನ್ನ ಮನೆಯಿಂದ, ಅಡುಗೆಯ ಒಲೆಯ ಬದಿಯಿಂದ, ಹಿತ್ತಿಲಿನಿಂದ, ಸಂತೆಯಿಂದ. ಮನೆಯ ವಾಸನೆಯನ್ನು ಬಾಗಿಲಲ್ಲಿ ಬಿಟ್ಟು ಬಾ ಎಂದರೆ ಪ್ರಶ್ನೆಯನ್ನೂ ಅಲ್ಲಿಯೇ ಬಿಟ್ಟು ಬರುತ್ತದೆ. ನನ್ನಂಥ ಉಪಾಧ್ಯಾಯರು, ಮನೆಯಲ್ಲಿ ಮೀನು ಮಾಂಸ ಕಾಣದವರು, ಬಹುಸಂಖ್ಯೆಯ ಮಕ್ಕಳು ಪ್ರತಿ ವಾರ ಉಣ್ಣುವ ಪದಾರ್ಥವನ್ನು ಹೇಸಿಗೆಯೆಂಬಂತೆ ನೋಡಿ, ಅದನ್ನೇ ಸಂಸ್ಕಾರವೆಂದುಕೊಂಡೆವು. ನಾನು ಬಾಯಿಬಿಟ್ಟು ಯಾರ ಜಾತಿಯನ್ನೂ ಆಡಿಲ್ಲ. ಆಡಬೇಕಾಗಿಯೂ ಇರಲಿಲ್ಲ, ಮೂಗಿನ ಮೇಲಿನ ಉತ್ತರೀಯವೇ ಸಾಕಾಗಿತ್ತು. ಕೈ ತೊಳೆದುಕೊಂಡು ಬಾ ಎಂಬ ಮಾತಿನಲ್ಲಿ ಆರೋಗ್ಯಶಾಸ್ತ್ರ ಎಷ್ಟಿತ್ತು, ಮತ್ತೊಂದು ಎಷ್ಟಿತ್ತು ಎಂದು ಈಗ ತೂಗಿ ನೋಡಲು ಭಯವಾಗುತ್ತದೆ.

2021ರ ಕೊನೆಯಲ್ಲಿ ಶಾಲೆಯ ಬಿಸಿಯೂಟಕ್ಕೆ ಮೊಟ್ಟೆ ಕೊಡುವ ಬಗ್ಗೆ ನಮ್ಮ ರಾಜ್ಯದಲ್ಲಿ ದೊಡ್ಡ ವಾಗ್ವಾದ ನಡೆಯಿತು. ನಮ್ಮ ನೆಂಟರ ಮನೆಯ ಒಂದು ಸಮಾರಂಭದಲ್ಲಿ ನಾನು ಮೊಟ್ಟೆಯ ಪರವಾಗಿ ಮಾತನಾಡಿದೆನೆಂದು ಇಬ್ಬರು ಹಿರಿಯರು ಇಂದಿಗೂ ನನ್ನೊಡನೆ ಸರಿಯಾಗಿ ಮಾತನಾಡುವುದಿಲ್ಲ. ನಾನು ಮೊಟ್ಟೆ ತಿಂದವನಲ್ಲ, ಇನ್ನು ತಿನ್ನುವುದೂ ಇಲ್ಲ. ಆದರೆ ತಿನ್ನುವ ಮನೆಯ ಮಗು ಶಾಲೆಯಲ್ಲಿ ತಿಂದರೆ ನನ್ನ ಯಾವ ಧರ್ಮಕ್ಕೆ ಚ್ಯುತಿ ಬರುತ್ತದೆ? ಬೇಡದವರಿಗೆ ಬಾಳೆಹಣ್ಣು ಇದ್ದೇ ಇತ್ತು. 2024ರಿಂದ ವಾರದ ಆರು ದಿನವೂ ಮೊಟ್ಟೆ ಕೊಡುವ ಏರ್ಪಾಡಾಗಿದೆಯೆಂದು ಓದಿ ಸಂತೋಷಪಟ್ಟೆ. ಈ ವಿಷಯವನ್ನು ಇಷ್ಟಕ್ಕೇ ಬಿಡುತ್ತೇನೆ, ಮೀನಿಗೆ ಹಿಂದಿರುಗೋಣ.

ಪಠ್ಯಪುಸ್ತಕದ ಚಿತ್ರಗಳ ಬಗ್ಗೆಯೂ ಒಂದು ಮಾತು. ಮೀನೆಂದರೆ ಒಂದೇ ಚಿತ್ರ, ಹೂವೆಂದರೆ ದಾಸವಾಳ, ಎಲೆಯೆಂದರೆ ಅರಳಿ. ಮಾದರಿಯೊಂದು ಬೇಕು, ಒಪ್ಪೋಣ. ಆದರೆ ಮಾದರಿಗೆ ಹೊಂದದ ಒಂದನ್ನಾದರೂ ಪಕ್ಕದಲ್ಲಿ ಇಡಬೇಡವೇ? ನಿಯಮವನ್ನು ಮಾತ್ರ ಕಲಿತ ಮಗು ಪರೀಕ್ಷೆಯಲ್ಲಿ ತೇರ್ಗಡೆಯಾಗುತ್ತದೆ. ನಿಯಮ ಎಲ್ಲಿ ಮುರಿಯುತ್ತದೆಂದು ಕಂಡ ಮಗು ಯೋಚಿಸತೊಡಗುತ್ತದೆ. ಈಗಲೂ ಶಾಲೆಗಳಲ್ಲಿರುವ ನನ್ನ ವಿದ್ಯಾರ್ಥಿಗಳಿಗೆ, ನಿಮ್ಮಲ್ಲಿ ಹನ್ನೊಂದು ಜನ ಉಪಾಧ್ಯಾಯರಾಗಿದ್ದೀರೆಂದು ನನ್ನ ಲೆಕ್ಕ, ನನ್ನ ವಿನಂತಿ ಇಷ್ಟೇ. ಮಕ್ಕಳು ತಂದದ್ದನ್ನು ಮೇಜಿನ ಮೇಲಿಡಿಸಿಕೊಳ್ಳಿ. ವಾಸನೆ ಬಂದರೆ ಕಿಟಕಿ ತೆಗೆಯಿರಿ.

ಆ ಮೀನೂ ಈಗ ಮೊದಲಿನಂತೆ ನಮ್ಮ ಕಡೆಗೆ ಬರುತ್ತಿಲ್ಲವೆಂದು ಫೋನಿನಲ್ಲಿ ಮಾತನಾಡಿದ ವಿದ್ಯಾರ್ಥಿನಿ ಹೇಳಿದಳು. ಬಂದರೂ ಬೆಲೆ ಹೆಚ್ಚಂತೆ. ಇದಕ್ಕೆ ಕಾರಣ ಒಂದೇ ಎಂದು ಹೇಳುವಷ್ಟು ತಿಳಿವಳಿಕೆ ನನಗಿಲ್ಲ. ಮಲ್ಪೆ, ಮಂಗಳೂರುಗಳಿಗೆ ಆಮೇಲೆಯೂ ಹೋಗಿ ಕೇಳಿ ತಿಳಿದದ್ದಿಷ್ಟು. ತಳವನ್ನು ಗುಡಿಸುತ್ತ ಹೋಗುವ ಟ್ರಾಲ್ ಬಲೆಗೆ ಸೀಗಡಿಯ ಜೊತೆಗೆ ತಳದಲ್ಲಿ ಮಲಗಿದ ಎಲ್ಲವೂ ಬರುತ್ತದೆ, ಮರಿಯೆಂದಿಲ್ಲ, ಬಲಿತದ್ದೆಂದಿಲ್ಲ. ಬಲೆಯ ತುದಿಯ ಚೀಲದ ಕಣ್ಣುಗಳು ವಜ್ರಾಕಾರದವಾದರೆ ಎಳೆತಕ್ಕೆ ಮುಚ್ಚಿಕೊಳ್ಳುತ್ತವೆ, ಚೌಕಾಕಾರದವಾದರೆ ತೆರೆದೇ ಇರುತ್ತವೆ, ಮರಿಗಳು ನುಸುಳಿ ಹೋಗುತ್ತವೆ. ಇದನ್ನು ವಿಜ್ಞಾನಿಗಳು ಎಷ್ಟೋ ಕಾಲದಿಂದ ಹೇಳುತ್ತಿದ್ದಾರೆ. ಹಿಂದೆ ಉಪ್ಪು ಹಾಕಿ ಒಣಗಿಸುತ್ತಿದ್ದ, ಅಗ್ಗದ, ಚಿಕ್ಕ ಮೀನುಗಳ ಬಹುಭಾಗ ಇಂದು ಮೀನುಹಿಟ್ಟಿನ ಕಾರ್ಖಾನೆಗೆ ಸಾಗುತ್ತದೆ. ಹಿಟ್ಟು ಸೀಗಡಿ ಸಾಕುವ ಹೊಂಡಗಳಿಗೆ, ಕೋಳಿಗಳಿಗೆ, ಸಾಕುಮೀನುಗಳಿಗೆ ಆಹಾರ. ಮನುಷ್ಯನ ಬಾಯಿಗೆ ನೇರವಾಗಿ ಹೋಗುತ್ತಿದ್ದ ಬಡವರ ಮೀನು, ಸುತ್ತಿ ಬಳಸಿ, ಹಣವಿದ್ದವರ ತಟ್ಟೆಯ ಸೀಗಡಿಯಾಗುತ್ತದೆ. ಇದನ್ನು ಅಭಿವೃದ್ಧಿಯೆಂದು ಒಪ್ಪಲು ನನಗೆ ಮನಸ್ಸಿಲ್ಲ. ಮೀನು ಹಿಡಿಯುವವರನ್ನೇ ದೂಷಿಸುವುದೂ ನ್ಯಾಯವಲ್ಲ. ಡೀಸೆಲ್ ಬೆಲೆ, ಸಾಲದ ಕಂತು ಅವರ ಬೆನ್ನ ಮೇಲಿವೆ. ಆದರೆ ತಿನ್ನುವ ಮೀನನ್ನು ಹಿಟ್ಟು ಮಾಡುವುದಕ್ಕೆ ಸರ್ಕಾರ ಒಂದು ಮಿತಿಯನ್ನು ಹಾಕಲೇಬೇಕು. ಬಲೆಯ ಕಣ್ಣಿನ ನಿಯಮವನ್ನು ಕಾಗದದಿಂದ ಬಂದರಿಗೆ ಇಳಿಸಬೇಕು.

ಜೂನ್ 1ರಿಂದ ಜುಲೈ 31ರವರೆಗೆ 61 ದಿನ ಯಾಂತ್ರಿಕ ದೋಣಿಗಳು ಕಡಲಿಗಿಳಿಯುವಂತಿಲ್ಲ. ನಾಡದೋಣಿಗಳಿಗೆ ವಿನಾಯಿತಿಯಿದೆ. ಇದು ಒಳ್ಳೆಯ ಕಟ್ಟಳೆ. ಆದರೆ ಆಗಸ್ಟಿನಲ್ಲಿ ಬಲೆ ಇಳಿಯುವಾಗ ಎದುರಾಗುವ ನಂಗು ಉಪವಾಸದಿಂದ ಆಗ ತಾನೇ ಚೇತರಿಸಿಕೊಳ್ಳುತ್ತಿರುವ ಮೀನು ಎಂಬುದನ್ನೂ ನೆನಪಿಡಬೇಕು. ಅದರ ಬಾಳು ಒಂದೆರಡು ವರ್ಷದ್ದು, ಹುರುಪೆಯ ಮೇಲೆ ಒಂದೋ ಎರಡೋ ಗೆರೆ, ಅಷ್ಟೇ. ಬೇಗ ಬೆಳೆದು ಬೇಗ ಮರಿಮಾಡುವ ಮೀನಾದ್ದರಿಂದ ಅವಕಾಶ ಕೊಟ್ಟರೆ ಬೇಗ ತುಂಬಿಕೊಳ್ಳುತ್ತದೆಂಬುದು ಸಮಾಧಾನ.

ಇನ್ನು ಆ ಹುಡುಗನ ವಿಷಯ. ಅವನ ಹೆಸರನ್ನು ಬರೆಯುವುದಿಲ್ಲ, ಅವನ ಸಹಪಾಠಿಗಳಿಗೆ ಗೊತ್ತಾಗಿಯೇ ಇರುತ್ತದೆ. 2004ರಲ್ಲಿ ಸತ್ಯ ತಿಳಿದ ಮೇಲೂ ನಾನು ಅವನನ್ನು ಹುಡುಕಿಕೊಂಡು ಹೋಗಲಿಲ್ಲ. ವಿಳಾಸ ಗೊತ್ತಿರಲಿಲ್ಲವೆಂದು ನನಗೆ ನಾನೇ ಹೇಳಿಕೊಂಡೆ. ಕೃಷ್ಣರಾಜಪೇಟೆಯಲ್ಲಿ ಒಬ್ಬನ ವಿಳಾಸ ತಿಳಿಯಲು ಬಸ್ ನಿಲ್ದಾಣದ ಹೋಟೆಲಿನಲ್ಲಿ ಒಂದು ಲೋಟ ಕಾಫಿ ಕುಡಿದರೆ ಸಾಕು. ಹನ್ನೆರಡು ವರ್ಷ ಹಾಗೆಯೇ ಕಳೆದವು. 2016ರಲ್ಲಿ ಹಳೆಯ ವಿದ್ಯಾರ್ಥಿಗಳು ಏರ್ಪಡಿಸಿದ್ದ ಕೂಟಕ್ಕೆ ಅವನೇ ಬಂದಿದ್ದ. ತಲೆ ನರೆತಿತ್ತು. ಎರಡು ಎಕರೆ ಕಬ್ಬು, ಒಂದಷ್ಟು ತೆಂಗು, ಮಗಳನ್ನು ನರ್ಸಿಂಗ್ ಓದಿಸುತ್ತಿದ್ದ. ಶಾಲು ಹೊದಿಸಿ ಕಾಲಿಗೆ ನಮಸ್ಕರಿಸಿದಾಗ ನನಗೆ ನಿಲ್ಲಲಾಗಲಿಲ್ಲ. ಪಕ್ಕಕ್ಕೆ ಕರೆದುಕೊಂಡು ಹೋಗಿ ಕೂರಿಸಿಕೊಂಡು, ಆ ದಿನದ ಮೀನು ನೆನಪಿದೆಯೇ ಎಂದು ಕೇಳಿದೆ.

ಅವನು ತುಸು ಹೊತ್ತು ಯೋಚಿಸಿದ. ಬಾಗಿಲ ಬಳಿ ನಿಂತದ್ದು ನೆನಪಿತ್ತು. ನಲ್ಲಿಯಲ್ಲಿ ನೀರು ಬಾರದೆ ಕೈಯನ್ನು ಹುಲ್ಲಿಗೆ ಒರೆಸಿಕೊಂಡದ್ದು ನೆನಪಿತ್ತು. ಭಾನುವಾರದ ಸಾರಿಗೆಂದು ತಾಯಿ ಎಣಿಸಿ ತಂದಿದ್ದ ಆರು ಮೀನುಗಳಲ್ಲಿ ಒಂದನ್ನು ಹೇಳದೆ ಕೇಳದೆ ತೆಗೆದುಕೊಂಡು ಬಂದಿದ್ದನಂತೆ. ಪಾಪ, ಆಕೆ ಬೆಕ್ಕನ್ನು ಬೈದು ಬೈದು ಅಂಗಳದಿಂದ ಓಡಿಸಿದ್ದರಂತೆ. ಹೇಳಿ ನಕ್ಕ. ನಾನು ನಗಲಿಲ್ಲ. ಮಲ್ಪೆಯಲ್ಲಿ ನೋಡಿದ್ದನ್ನು, ಮರಿಯ ಕಣ್ಣು ನೆತ್ತಿಯನ್ನು ದಾಟಿ ಬರುವುದನ್ನು, ಡಾರ್ವಿನ್ನನ ಕಥೆಯನ್ನು, ಎಲ್ಲವನ್ನೂ ಒಂದು ಪಿರಿಯಡ್ಡಿನಷ್ಟು ಹೊತ್ತು ಹೇಳಿದೆ. ತಪ್ಪಾಯಿತೆಂದೂ ಹೇಳಿದೆ. ಅದಕ್ಕೆ ಅವನು "ಬಿಡಿ ಸಾರ್, ದೊಡ್ಡವರು" ಎಂದು ಬೇರೆ ಕಡೆ ನೋಡಿದ. ಊಟಕ್ಕೆ ಕರೆಯುತ್ತಿದ್ದರು. ಇಬ್ಬರೂ ಎದ್ದೆವು. ನಾಲ್ಕು ಹೆಜ್ಜೆ ಹೋದವನು ನಿಂತು ಕೇಳಿದ:

"ಹಾಗಾದರೆ ಆ ಕಡೆ ಗುಳಿ ಇರಲೇ ಇಲ್ಲ, ಅಲ್ಲವೇ ಸಾರ್?"

"ಇರಲಿಲ್ಲ ಕಣಪ್ಪ" ಎಂದೆ.